ಕ್ರಿಮ್ಮಿಸುವುದು ಎಂದರೆ

ಬಾಸ್ಟನ್ನಿನ ನಮ್ಮ ಕಂಪ್ಯೂಟರ್ ಕೋಣೆಗೆ ಟೈ ಕಟ್ಟಿಕೊಂಡು ಬರುತ್ತಿದ್ದವನು ಲೀಲ್ಯಾಂಡ್ ಕ್ರಿಮ್ಮಿನ್ಸ್ ಒಬ್ಬನೇ. ಕಸ ಕಂಡರೆ ಅವನ ಕೈ ಸುಮ್ಮನಿರುತ್ತಿರಲಿಲ್ಲ. ೧೯೬೯ರ ಒಂದು ಸೋಮವಾರ ಬೆಳಿಗ್ಗೆ ಎಲ್ಲರಿಗಿಂತ ಮೊದಲು ಬಂದು ಕಾಫಿ ಲೋಟಗಳನ್ನು ತೊಳೆದ, ಪಿಜ್ಜಾ ಡಬ್ಬಗಳನ್ನು ಎಸೆದ, ಅದೇ ಹುರುಪಿನಲ್ಲಿ ಕಿಟಕಿಯ ಹತ್ತಿರ ಹರಡಿದ್ದ ಎರಡು ಸಾವಿರ ತೂತು ಕಾರ್ಡುಗಳನ್ನೂ ಎಸೆದ. ಆ ತೂತುಗಳಲ್ಲಿದ್ದದ್ದು ನಮ್ಮ ಆಲ್ಡೆನ್ ಎಂಟು ತಿಂಗಳು ಕೂತು ಬರೆದ ಪ್ರೋಗ್ರಾಂ.

ಆಲ್ಡೆನ್ ಕೂಗಾಡಲಿಲ್ಲ. ಕುರ್ಚಿಯಲ್ಲಿ ಕುಸಿದು, "ಎಲ್ಲಾ ಕ್ರಿಮ್ಮಿಸಿಬಿಟ್ಟ ಕಣ್ರೋ," ಅಂದ.

ವಾರದೊಳಗೆ ಎಲ್ಲರ ಬಾಯಲ್ಲೂ ಅದೇ. ಉಪಕಾರ ಮಾಡಲು ಹೋಗಿ ಕೆಡಿಸಿದರೆ ಕ್ರಿಮ್ಮಿಸಿದ ಹಾಗೆ. ಅರ್ಧ ಕೆಟ್ಟರೆ ಅರೆಗ್ರಿಮ್ಮು.

ನಮ್ಮವರು ಹುಟ್ಟಿಸಿದ ಇಂಥ ಮಾತುಗಳನ್ನೆಲ್ಲ ಯಂತ್ರದಲ್ಲೇ ಪಟ್ಟಿ ಮಾಡಿಟ್ಟಿದ್ದವಳು ನಾನು. ನೂರ ನಲವತ್ತು ಪದಗಳಿದ್ದವು. ಇದನ್ನೂ ಸೇರಿಸಿದೆ. ಮರುದಿನವೇ ಕ್ರಿಮ್ಮಿನ್ಸ್ ನನ್ನ ಮುಂದೆ ನಿಂತಿದ್ದ.

"ವಿನ್ನಿ, ಅದನ್ನ ತೆಗಿ."

"ಎಲ್ರೂ ಆಡೋ ಮಾತು ಕಣೋ. ನಾನು ಬರ್ಕೊಂಡೆ ಅಷ್ಟೆ."

"ನಮ್ಮ ತಾತ ನಲವತ್ತು ವರ್ಷ ಪೋಸ್ಟ್‌ಮಾಸ್ಟರ್ ಆಗಿದ್ರು. ಒಂದೇ ಒಂದು ಕಾಗದ ಕಳೆದಿಲ್ಲ. ಅವರ ಹೆಸರು ಕಣೇ ಅದು!"

ಅವನ ಕಿವಿಗಳು ಕೆಂಪಾಗಿದ್ದವು. ನನಗೆ ಪಾಪ ಅನ್ನಿಸಿ, ಅವನೆದುರೇ ಆ ಒಂದು ಸಾಲನ್ನು ಅಳಿಸಲು ಹೋದೆ. ಯಂತ್ರ ಎರಡು ಸಲ ಕಟಕಟ ಎಂದು ಸುಮ್ಮನಾಯಿತು. ಮತ್ತೆ ತೆರೆದು ನೋಡಿದರೆ ಪಟ್ಟಿಯೇ ಇಲ್ಲ! ಬೇರೆ ನಕಲೂ ಇರಲಿಲ್ಲ.

ಕ್ರಿಮ್ಮಿನ್ಸ್ ಬಗ್ಗಿ ನೋಡಿದ. "ಅಯ್ಯೋ, ಪೂರ್ತಿ ಕ್ರಿಮ್ಮಿಸಿಬಿಟ್ಟೆಯಲ್ಲೇ!" ಎಂದವನು ಥಟ್ಟನೆ ಬಾಯಿ ಮುಚ್ಚಿಕೊಂಡ. ಅಳು ಬರುವಂತಿದ್ದ ನನಗೆ ನಗು ತಡೆಯಲಾಗಲಿಲ್ಲ. ಸ್ವಲ್ಪ ತಡವಾಗಿ ಅವನೂ ನಕ್ಕ.

ಪಟ್ಟಿಯನ್ನು ನೆನಪಿನಿಂದ ಮತ್ತೆ ಬರೆಯಲು ಮೂರು ವಾರ ಹಿಡಿಯಿತು. ದಿನಾ ಮಧ್ಯಾಹ್ನ ಕ್ರಿಮ್ಮಿನ್ಸ್ ಸ್ಯಾಂಡ್‌ವಿಚ್ ಹಿಡಿದು ಬಂದು ಪಕ್ಕದಲ್ಲಿ ಕೂರುತ್ತಿದ್ದ. ಕೋಣೆಯವರಲ್ಲೆಲ್ಲ ಒಂದೊಂದು ಪದಕ್ಕೂ ಜಗಳ. "ಅದು ನನ್ನದು", "ಹೋಗೋ, ನಾನು ಮೊದಲು ಅಂದಿದ್ದು" ಎಂದು ಒಂದೊಂದಕ್ಕೂ ಮೂರು ಮೂರು ಜನ ಅಪ್ಪಂದಿರು. ಅವನ ಪದಕ್ಕೆ ಮಾತ್ರ ಯಾರದೂ ತಕರಾರಿಲ್ಲ. ಇದನ್ನು ಅವನೂ ಗಮನಿಸಿದ.

"ನಿನ್ನದನ್ನ ಬಿಟ್ಟುಬಿಡ್ಲಾ?" ಎಂದು ಕೇಳಿದೆ.

ಟೈ ಸರಿಮಾಡಿಕೊಂಡ. "ಇರ್ಲಿ. ಆದ್ರೆ ಅರ್ಥ ಸರಿಯಾಗಿ ಬರಿ. ಬರೀ ಕೈತಪ್ಪಾದ್ರೆ ಅದಲ್ಲ. ಒಳ್ಳೇ ಮನಸ್ಸು ಇರ್ಲೇಬೇಕು."

ಮುಂದಿನ ವರ್ಷ ಕ್ಯಾಲಿಫೋರ್ನಿಯಾದಿಂದ ಬಂದಿದ್ದ ಒಬ್ಬ ಪ್ರೋಗ್ರಾಮರ್ ನಮ್ಮ ಮೇಜಿನ ಮೇಲೆ ಕಾಫಿ ಚೆಲ್ಲಿ, "ಛೆ, ಕ್ರಿಮ್ಮಿಸಿದೆ," ಅಂದ. ಕ್ರಿಮ್ಮಿನ್ಸ್ ಕುರ್ಚಿ ಎಳೆದುಕೊಂಡು ಅವನಿಗೆ ಅರ್ಧ ಗಂಟೆ ಪಾಠ ಮಾಡಿದ.

"ಇಷ್ಟೆಲ್ಲಾ ನಿಮಗೆ ಹೇಗೆ ಗೊತ್ತು?" ಎಂದು ಆತ ಕೇಳಿದ.

"ಅದು ನಮ್ಮ ಮನೆಮಾತು. ನಮ್ಮ ತಾತ ಐರ್ಲೆಂಡಿನಿಂದ ತಂದದ್ದು," ಅಂದ ಕ್ರಿಮ್ಮಿನ್ಸ್, ಗಂಭೀರವಾಗಿ.

ಇವನ ಹೆಸರೇನೆಂದು ಕೇಳದೆಯೇ ಆತ ತಲೆಯಾಡಿಸಿ, 'ಮೂಲ: ಹಳೆಯ ಐರಿಷ್' ಎಂದು ಬರೆದುಕೊಂಡು ಹೋದ.