ಬ್ಯಾಕಪ್ಪಿನಲ್ಲಿ ಇಲ್ಲದ ಹತ್ತೊಂಬತ್ತು ಬೆಳಗು

ಅತ್ತಿಗೆ ನಾದಿನಿ ಇಬ್ಬರೂ ಸೇರಿ ಪರದೆ ಹೊಲಿಯುವ ಅಂಗಡಿ ನಡೆಸುತ್ತಿದ್ದರು. ರಸ್ತೆ ಕಡೆಯ ಕೋಣೆಯಲ್ಲಿ ಹೊಲಿಗೆ, ಹಿಂದಿನ ಎರಡು ಕೋಣೆಗಳಲ್ಲಿ ವಾಸ. ಮುಗಿದ ಪರದೆಗಳನ್ನು ಕಿಟಕಿಯ ಮುಂದೆಯೇ ಇಳಿಬಿಡುತ್ತಿದ್ದುದರಿಂದ ಬೆಳಗಿನ ಬಿಸಿಲು ಒಂದು ದಿನ ಹಸಿರಾಗಿ, ಇನ್ನೊಂದು ದಿನ ಜೇನಿನ ಬಣ್ಣವಾಗಿ ಒಳಗೆ ಬರುತ್ತಿತ್ತು.

ಮೂಲೆಯಲ್ಲಿದ್ದ ಹಳೆಯ ಕಂಪ್ಯೂಟರು ಇಬ್ಬರಿಗೂ ಒಂದೇ. ಅತ್ತಿಗೆ ಅದರಲ್ಲಿ ಕಸೂತಿಯ ವಿನ್ಯಾಸ ಮಾಡುತ್ತಿದ್ದಳು. ನಾದಿನಿ ಎದ್ದ ಕೂಡಲೇ, ಮುಖವನ್ನೂ ತೊಳೆಯದೆ, ಅದರ ಮುಂದೆ ಕೂತು ರಾತ್ರಿ ಕಂಡ ಕನಸನ್ನು ಟೈಪು ಮಾಡುತ್ತಿದ್ದಳು. ಹನ್ನೊಂದು ವರ್ಷದ ಕನಸುಗಳು ಒಂದೇ ಫೈಲಿನಲ್ಲಿದ್ದವು: ಬಟ್ಟೆಯ ಮೆಟ್ಟಿಲು, ಬೀರುವಿನೊಳಗೆ ಹರಿಯುವ ಹೊಳೆ, ಅಂಚೆ ಕಚೇರಿಯಲ್ಲಿ ಸಾಲು ನಿಂತ ಕುದುರೆಗಳು.

ಒಂದು ಮಂಗಳವಾರ ಅಕ್ಷರ ದೊಡ್ಡದು ಮಾಡಲು ಹೋಗಿ ಅವಳು ಇಡೀ ಫೈಲಿನಲ್ಲಿದ್ದುದನ್ನು ಅಳಿಸಿ, ನಿದ್ದೆಗಣ್ಣಿನಲ್ಲೇ ಸೇವ್ ಮಾಡಿ ಮುಚ್ಚಿಬಿಟ್ಟಳು. ಮತ್ತೆ ತೆರೆದರೆ ಬಿಳಿ ಪುಟ. ದಿನವೂ ತಾನಾಗಿಯೇ ಪ್ರತಿ ತೆಗೆದಿಡುವ ಬ್ಯಾಕಪ್ ಇದೆಯಲ್ಲ ಎಂದು ಸಮಾಧಾನ ಮಾಡಿಕೊಂಡು ಆ ಸಾಫ್ಟ್‌ವೇರನ್ನು ತೆರೆಯಲು ಹೋದರೆ, ಯಾವುದೋ ಡಿಎಲ್‌ಎಲ್ ಫೈಲು ಸಿಗುತ್ತಿಲ್ಲ, ಹಾಗಾಗಿ ತೆರೆಯಲಾಗದು ಎಂಬ ಸಂದೇಶ ಬಂತು.

ಬೀದಿಯ ಕೊನೆಯಲ್ಲಿ ಕಂಪ್ಯೂಟರ್ ರಿಪೇರಿ ಮಾಡುವ ಹೆಂಗಸೊಬ್ಬಳಿದ್ದಳು. ಎಲ್ಲರೂ ಅವಳನ್ನು ತಂತಿಯಕ್ಕ ಎನ್ನುತ್ತಿದ್ದರು. ಕರೆದ ಅರ್ಧ ಗಂಟೆಗೆ ಅವಳು ಪರದೆ ಸರಿಸಿಕೊಂಡು ಒಳಗೆ ಬಂದು ಕೂತಳು.

"ಹೆದರ್ಬೇಡ, ಬ್ಯಾಕಪ್ ಹಾಳಾಗಿಲ್ಲ. ಡಿಸ್ಕಲ್ಲಿ ಹಾಗೇ ಇದೆ. ಅದನ್ನ ತೆರೆಯೋ ಸಾಫ್ಟ್‌ವೇರಿಗೆ ಬೇಕಾದ ಒಂದು ಫೈಲ್ ಹೋಗಿದೆ ಅಷ್ಟೆ."

"ಆ ಫೈಲಲ್ಲಿ ಏನಿರುತ್ತೆ ಅಕ್ಕ?"

"ಒಂದು ಕೆಲಸ ಮಾಡೋ ರೀತಿ ಇರುತ್ತೆ. ಇದು ಫೈಲುಗಳನ್ನ ಅದುಮಿ ಚಿಕ್ಕದು ಮಾಡುತ್ತೆ, ಬೇಕಾದಾಗ ಮತ್ತೆ ಬಿಡಿಸುತ್ತೆ. ಪ್ರತಿಯೊಂದು ಸಾಫ್ಟ್‌ವೇರಲ್ಲೂ ಅದನ್ನೇ ಬರೀತಾ ಕೂರೋದ್ಯಾಕೆ ಅಂತ ಒಂದು ಕಡೆ ಇಟ್ಟಿರ್ತಾರೆ. ಬೇಕಾದವ್ರೆಲ್ಲ ಅದನ್ನೇ ಕರೀತಾರೆ."

ಅತ್ತಿಗೆಯ ಕತ್ತರಿ ಅರ್ಧ ಬಟ್ಟೆಯಲ್ಲೇ ನಿಂತಿತು. "ಅವತ್ತು ಹಳೇ ಕಸೂತಿ ಸಾಫ್ಟ್‌ವೇರ್ ತೆಗೆದ್ನಲ್ಲ," ಎಂದಳು ಮೆಲ್ಲಗೆ. "ಈ ಫೈಲನ್ನ ಬೇರೆಯವ್ರೂ ಬಳಸ್ತಿರಬಹುದು, ತೆಗೀಲಾ ಅಂತ ಅದು ಕೇಳ್ತು. ಈ ಮನೇಲಿ ಬೇರೆಯವ್ರು ಅಂದ್ರೆ ನೀನೊಬ್ಳೇ. ನಿನಗೋ ಕಸೂತಿ ಬರಲ್ಲ. ಹೂಂ ಅಂದ್ಬಿಟ್ಟೆ."

ತಂತಿಯಕ್ಕ ನಗು ತಡೆಯಲಾರದೆ ಕನ್ನಡಕ ತೆಗೆದು ಒರೆಸಿಕೊಂಡಳು. "ಬೇರೆಯವ್ರು ಅಂದ್ರೆ ಬೇರೆ ಸಾಫ್ಟ್‌ವೇರ್‌ಗಳು ಕಣ್ರೀ."

ನಾದಿನಿಗೆ ನಗು ಬರಲಿಲ್ಲ. "ಆ ಫೈಲು ನೆಟ್ಟಲ್ಲೇ ಸಿಗುತ್ತಂತೆ ಅಕ್ಕ. ಇಳಿಸ್ಕೊಳ್ಳಲಾ?"

"ಬೇಡ. ಹೆಸರು ಅದೇ ಇರುತ್ತೆ, ಒಳಗೆ ಏನಿಟ್ಟಿರ್ತಾರೋ ಯಾರಿಗ್ಗೊತ್ತು. ಬ್ಯಾಕಪ್ ಸಾಫ್ಟ್‌ವೇರ್ ಬಂದ ಸೀಡಿ ಇದ್ಯಾ?"

ಗುಂಡಿಗಳ ಡಬ್ಬಿಯ ಕೆಳಗೆ ಸೀಡಿ ಸಿಕ್ಕಿತು. ತಂತಿಯಕ್ಕ ಅದರಿಂದಲೇ ಸಾಫ್ಟ್‌ವೇರನ್ನು ಹೊಸದಾಗಿ ಹಾಕಿದಳು. ಕಾಣೆಯಾದ ಫೈಲು ತನ್ನ ಜಾಗಕ್ಕೆ ಬಂದು ಕೂತಿತು. ಸ್ವಲ್ಪ ಹೊತ್ತಿಗೆ ಬಿಳಿ ಪುಟದ ತುಂಬ ಅಕ್ಷರ ಇಳಿದವು. ಬೀರುವಿನೊಳಗಿನ ಹೊಳೆ ಬಂತು, ಕುದುರೆಗಳು ಬಂದವು. ನಾದಿನಿ ಪರದೆಯೊಂದರ ಅಂಚನ್ನೇ ಹಿಡಿದುಕೊಂಡು ಕಣ್ಣೊರೆಸಿಕೊಂಡಳು.

ಪುಟಗಳನ್ನು ಕೊನೆಯವರೆಗೆ ತಿರುಗಿಸಿದಾಗ ಮಾತ್ರ ಅವಳ ಮುಖ ಬಾಡಿತು. ಅತ್ತಿಗೆ ಹೂಂ ಅಂದ ದಿನದಿಂದ ಬ್ಯಾಕಪ್ ನಡೆದೇ ಇರಲಿಲ್ಲ. ಹತ್ತೊಂಬತ್ತು ಬೆಳಗಿನ ಕನಸುಗಳಿಲ್ಲ. "ಇವು ಎಲ್ಲೂ ಇಲ್ಲ," ಎಂದು ತಂತಿಯಕ್ಕ ಅವಳ ಬೆನ್ನು ಸವರಿ ಹೋದಳು.

ನಾದಿನಿ ಎಷ್ಟು ತಿಣುಕಿದರೂ ಒಂದೂ ನೆನಪಾಗಲಿಲ್ಲ. ಬರೆದಿಟ್ಟ ಕೂಡಲೇ ಮರೆತುಬಿಡುವುದು ಅವಳ ಅಭ್ಯಾಸ.

"ಮೊದಲನೇ ದಿನ ನೀನು ಛತ್ರಿಯೊಳಗೆ ವಾಸವಾಗಿದ್ದೆ," ಎಂದಳು ಅತ್ತಿಗೆ, ಸೂಜಿಯಿಂದ ಕಣ್ಣೆತ್ತದೆ. "ಬಾಡಿಗೆಗೆ. ಮರುದಿನ ರೈಲು ನಿನ್ನ ಹತ್ರ ದಾರಿ ಕೇಳ್ತು."

ನಾದಿನಿ ತಿರುಗಿ ನೋಡಿದಳು. "ನಿಮಗೆ ಹೇಗೆ ಗೊತ್ತು?"

"ಟೈಪ್ ಮಾಡ್ತಾ ಬಾಯಿಬಿಟ್ಟು ಹೇಳ್ಕೊಳ್ತೀಯಲ್ಲ. ನನ್ನ ಕಿವಿ ಇಲ್ಲೇ ಇರುತ್ತೆ."

ಮಧ್ಯಾಹ್ನವೆಲ್ಲ ಅತ್ತಿಗೆ ಹೊಲಿಯುತ್ತ ಹೇಳಿದಳು, ನಾದಿನಿ ಟೈಪು ಮಾಡಿದಳು. ರೈಲಿಗೆ ಮೀಸೆ ಇತ್ತೋ ಇಲ್ಲವೋ ಎಂದು ಜಗಳವೂ ಆಯಿತು. ಹೊರಗೆ ಯಾರೋ ಸೈಕಲ್ ಗಂಟೆ ಬಾರಿಸಿದ್ದು ಬಹಳ ದೂರದಿಂದ ಕೇಳಿದಂತಿತ್ತು. ನೀಲಿ ಪರದೆಯ ನೆರಳು ನೆಲದ ಮೇಲೆ ಅಲೆಅಲೆಯಾಗಿ ಆಡುತ್ತಿತ್ತು.

"ಎರಡನೇ ಭಾನುವಾರ," ಎಂದಳು ಅತ್ತಿಗೆ. "ಒಂದು ಉದ್ದದ ರಸ್ತೆ. ಅದರ ಕೊನೇಲಿ ದೀಪ ಹಚ್ಚಿದ ಮನೆ. ಹತ್ರ ಹೋದಷ್ಟೂ ಚಿಕ್ಕದಾಗುತ್ತೆ. ಕೊನೆಗೆ ಅಂಗೈ ಮೇಲೆ ಇಟ್ಕೊಂಡೆ. ಬೆಚ್ಚಗಿತ್ತು. ಒಳಗೆ ಯಾರೋ ನಗ್ತಿದ್ರು."

ನಾದಿನಿಯ ಬೆರಳು ನಿಂತವು. "ಇದು ನನ್ನದಲ್ಲ ಅತ್ತಿಗೆ."

"ಅವತ್ತು ನಿನಗೆ ಕನಸೇ ಬಿದ್ದಿರಲಿಲ್ಲ. ನನಗೆ ಬಿದ್ದಿತ್ತು." ಅತ್ತಿಗೆ ದಾರವನ್ನು ಹಲ್ಲಿನಿಂದ ಕಡಿದಳು. ಕೆನ್ನೆ ಸ್ವಲ್ಪ ಕೆಂಪಾಗಿತ್ತು. "ಬೇಡವಾದ್ರೆ ಬಿಡು."

"ಯಾರು ನಗ್ತಿದ್ದದ್ದು?"

"ಕಿಟಕಿ ತೀರಾ ಚಿಕ್ಕದಿತ್ತು ಕಣೆ. ಕಾಣಲಿಲ್ಲ."

ನಾದಿನಿ ಅದನ್ನೂ ಟೈಪು ಮಾಡಿ, ಮರುದಿನ ಸೋಮವಾರದ್ದು ಹೇಳಿ ಎಂದು ಕುರ್ಚಿಯನ್ನು ಅತ್ತಿಗೆಯ ಕಡೆಗೆ ತಿರುಗಿಸಿಕೊಂಡಳು.