ಹೆಮ್ಮಾಟಿಗೆ ಒಂದು ದೀರ್ಘ

ಆ ಊರಿನಲ್ಲಿ ಮಾಟಗಾತಿಯರಿಗೆ ಬರವಿರಲಿಲ್ಲ. ಬೀದಿಗೊಬ್ಬ ದರ್ಜಿ ಇದ್ದ ಹಾಗೆ ಬೀದಿಗೊಬ್ಬಳು ಮಾಟಗಾತಿ. ಬೆಳಿಗ್ಗೆ ಒಂಬತ್ತಕ್ಕೆ ಬಾಗಿಲು ತೆಗೆಯುವುದು, ಬೆಂಚಿನ ಮೇಲೆ ಕಾದು ಕೂತವರ ಸೊಂಟನೋವು, ಕಳೆದುಹೋದ ಬೀಗದ ಕೈ, ಮಾತು ಬಿಟ್ಟ ಗಂಡ, ಇವನ್ನೆಲ್ಲ ಒಂದೊಂದಾಗಿ ವಿಚಾರಿಸುವುದು, ಸಂಜೆ ಆರಕ್ಕೆ ಬಾಗಿಲು ಹಾಕುವುದು. ಆದರೆ ಹೆಮ್ಮಾಟಿ ಎಂದರೆ ಇಡೀ ಊರಿಗೆ ಒಬ್ಬಳೇ.

ಮರಗಳಲ್ಲಿ ದೊಡ್ಡದು ಹೆಮ್ಮರವಾದಂತೆ ಮಾಟದವರಲ್ಲಿ ದೊಡ್ಡವಳು ಹೆಮ್ಮಾಟಿ. ಇಷ್ಟು ಎಲ್ಲರಿಗೂ ಗೊತ್ತು. ಅದರಾಚೆಗೆ ಒಬ್ಬೊಬ್ಬರ ಬಾಯಲ್ಲಿ ಒಂದೊಂದು ಅರ್ಥ. ಮಾಟದ ನೋಂದಣಿ ಕಚೇರಿಯ ಪುಸ್ತಕದಲ್ಲಿ ‘ಬೇರೆಯವರು ಹಾಕಿದ ಯಾವ ಕಟ್ಟನ್ನಾದರೂ ಬಿಚ್ಚಬಲ್ಲವರು’ ಎಂದು ಬರೆದಿತ್ತು. ತರಕಾರಿ ಅಂಗಡಿಯ ಮುಂದೆ ಅದೇ ಪದ ಬೈಗುಳ: “ಬಂದ್ಲು ನೋಡು ದೊಡ್ಡ ಹೆಮ್ಮಾಟಿ, ನಾಲ್ಕು ಬದನೇಕಾಯಿ ಆರಿಸೋಕೆ ಅರ್ಧ ಗಂಟೆ!” ನಾಲಿಗೆ ತಿರುಗದ ಮಕ್ಕಳು ಹೆಮ್ಮಾರಿ ಎಂದುಬಿಟ್ಟು ತಲೆಗೆ ಮೊಟಕಿಸಿಕೊಳ್ಳುವುದೂ ಉಂಟು. ಮಾಟಗಾತಿಯರು ತಮ್ಮ ತಮ್ಮಲ್ಲಿ ಮಾತಾಡಿಕೊಳ್ಳುವಾಗ ಮಾತ್ರ ಪದಕ್ಕೆ ಒಂದೇ ಅರ್ಥವಿತ್ತು. ‘ಆಗಲ್ಲ’ ಅನ್ನಬಹುದಾದವಳು.

ಉಳಿದವರಿಗೆ ಆ ಹಕ್ಕಿಲ್ಲ. ಬೆಂಚಿನ ಮೇಲೆ ಯಾರು ಬಂದು ಕೂತರೂ, ಏನು ಕೇಳಿದರೂ, ತಲೆನೋವಿರಲಿ ಜ್ವರವಿರಲಿ, ಮಾಡಿಕೊಡಬೇಕು. ಹೆಮ್ಮಾಟಿ ಮಾತ್ರ ಎದುರಿಗೆ ಕೂತವನ ಮುಖ ನೋಡಿ ‘ಆಗಲ್ಲ, ಹೋಗಿ ಬಾ’ ಅನ್ನಬಹುದು.

ಈ ಪದವನ್ನು ಬಳಸುವುದಕ್ಕೂ ಒಂದು ಕಟ್ಟುನಿಟ್ಟಿತ್ತು. ಹೆಮ್ಮಾಟಿ ಬಂದರು ಅನ್ನಬಹುದು, ಹೆಮ್ಮಾಟಿಗೆ ಹೇಳಿದೆ ಅನ್ನಬಹುದು. ಕೊನೆಯ ಅಕ್ಷರ ಎಳೆದು ಕರೆಯುವ ಹಾಗಿಲ್ಲ. ಎಳೆದು ಕರೆದರೆ ಆಕೆ ಕೈಯಲ್ಲಿದ್ದದ್ದನ್ನು ಬಿಟ್ಟು ಬರಲೇಬೇಕು, ಕರೆದವರು ಕೇಳಿದ್ದನ್ನು ಮಾಡಲೇಬೇಕು. ಅಷ್ಟು ದೊಡ್ಡ ಬಿರುದಿನ ಜುಟ್ಟು ಅಷ್ಟು ಸಣ್ಣ ಜಾಗದಲ್ಲಿತ್ತು. ಬೇಕೆಂದೇ ಹಾಗೆ ಕರೆದವರ ನಾಲಿಗೆಗೆ ಮೂರು ತಿಂಗಳು ಉಪ್ಪು ಯಾವುದು ಸಕ್ಕರೆ ಯಾವುದು ತಿಳಿಯುತ್ತಿರಲಿಲ್ಲವಾದ್ದರಿಂದ ಯಾರೂ ಆ ಉಸಾಬರಿಗೆ ಹೋಗುತ್ತಿರಲಿಲ್ಲ.

ಮಾಟದ ನೋಂದಣಿ ಕಚೇರಿಯ ಹಿತ್ತಾಳೆ ಬೋರ್ಡುಗಳನ್ನು ಕೆತ್ತುವವಳು ಬೋರ್ಡಕ್ಕ. ಮನೆಯವರು ಇಟ್ಟ ಹೆಸರು ಬೇರೆ ಇದ್ದೀತು, ಕರೆಯುವವರು ಯಾರೂ ಉಳಿದಿರಲಿಲ್ಲ. ಉದ್ದನೆಯ ಮೇಜು, ಕಿಟಕಿಯ ಬೆಳಕಿಗೆ ತಿರುಗಿಸಿಟ್ಟ, ಹಾಳೆ ಅಲುಗದಂತೆ ಕಚ್ಚಿಹಿಡಿಯುವ ಹಿಡಿಕಟ್ಟು, ಗೋಡೆಗೆ ದೊಡ್ಡದರಿಂದ ಚಿಕ್ಕದರವರೆಗೆ ಸಾಲಾಗಿ ತೂಗುಹಾಕಿದ ಹದಿಮೂರು ಉಳಿಗಳು, ಇಷ್ಟೇ ಅವಳ ಅಂಗಡಿ. ಅವಳದೊಂದು ಅಭ್ಯಾಸವಿತ್ತು. ಕೆತ್ತುವುದನ್ನು ಬಾಯಲ್ಲಿ ಹೇಳಿಕೊಳ್ಳುತ್ತಲೇ ಕೆತ್ತುವುದು. “ಬಾಯಿ ಹೇಳ್ಬೇಕು, ಕೈ ಕೇಳ್ಬೇಕು. ಆಗ ತಪ್ಪಾಗಲ್ಲ” ಎನ್ನುತ್ತಿದ್ದಳು. ಇಪ್ಪತ್ತಾರು ವರ್ಷದಲ್ಲಿ ಒಂದು ಕೊಂಬು, ಒಂದು ಒತ್ತು ಆಚೀಚೆ ಆಗಿರಲಿಲ್ಲ.

ಹಳೆಯ ಹೆಮ್ಮಾಟಿ ತೀರಿಕೊಂಡ ಮೇಲೆ ಆ ಬಿರುದು ಬಂದದ್ದು ಬೋರ್ಡಕ್ಕನ ದೊಡ್ಡಮ್ಮನಿಗೆ. ತಾಯಿಯ ಅಕ್ಕ, ತಾಯಿ ಇಲ್ಲದ ಇವಳನ್ನು ಸಾಕಿದವರು. ನಲವತ್ತು ವರ್ಷ ಬೆಂಚಿನವರಿಗೆಲ್ಲ ‘ಆಯ್ತು, ಆಯ್ತು’ ಎಂದೇ ಸವೆದವರು. ಸುದ್ದಿ ಬಂದ ದಿನ ಅವರು ಹೇಳಿದ್ದು ಒಂದೇ ಮಾತು: “ಇನ್ನು ಮಧ್ಯಾಹ್ನ ಒಂದು ಗಂಟೆ ಮಲಗ್ತೀನಿ ಕಣೇ. ಯಾರು ಬಂದ್ರೂ ಆಗಲ್ಲ ಅಂತೀನಿ.”

ಬಿರುದು ಬಂದವರ ಬೋರ್ಡಿನಲ್ಲಿ ಹೆಸರು ಬರೆಯುವ ಪದ್ಧತಿಯಿಲ್ಲ. ಪದವೊಂದೇ. ಬೋರ್ಡಕ್ಕ ಹೊಸ ಹಿತ್ತಾಳೆ ಹಾಳೆ ತರಿಸಿದಳು, ಉಳಿ ಮಸೆದಳು, ಪದವನ್ನು ನಡುಮಧ್ಯಕ್ಕೆ ಬರುವಂತೆ ಅಳೆದು ಶುರುಮಾಡಿದಳು. ಹೆ ಆಯಿತು, ಮ್ಮಾ ಆಯಿತು. ಕೊನೆಯ ಅಕ್ಷರಕ್ಕೆ ಬರುವಾಗ ಎದೆ ತುಂಬಿ ಬಂದು, ಅಂಗಡಿಯಲ್ಲಿ ಒಬ್ಬಳೇ ಇದ್ದವಳು ಹಾಡಿನ ಹಾಗೆ ಅದನ್ನು ಎಳೆದಳು. ಬಾಯಿ ಹೇಳಿತು, ಕೈ ಕೇಳಿತು.

ಮೊಳೆ ಹೊಡೆಯುವ ಮುಂಚೆ ಬೋರ್ಡನ್ನು ಯಾರೂ ಗಟ್ಟಿಯಾಗಿ ಓದಬಾರದೆಂದು ನಿಯಮ. ಕಚೇರಿಯ ಗುಮಾಸ್ತ ಉದ್ದ ಅಳೆದ, ಅಗಲ ಅಳೆದ, ಮೊಳೆಯ ತೂತು ನಾಲ್ಕು ಇವೆಯೇ ಎಂದು ಎಣಿಸಿದ. ದೊಡ್ಡಮ್ಮ ಅದರಲ್ಲಿ ತಮ್ಮ ಮುಖ ಕಾಣುತ್ತದೆಯೇ ಎಂದು ನೋಡಿದರು. ಸೋಮವಾರ ಬೆಳಿಗ್ಗೆ ಬಾಗಿಲಿಗೆ ಹೊಡೆದದ್ದೂ ಆಯಿತು.

ಹತ್ತು ಗಂಟೆಗೆ ಅಂಚೆಯವನು ಬಂದ. ದಾರಿಯಲ್ಲಿ ಸಿಕ್ಕ ಬೋರ್ಡನ್ನೆಲ್ಲ ಬಾಯಿಬಿಟ್ಟು ಓದುವುದು ಅವನ ವೃತ್ತಿಯಿಂದ ಬಂದ ಕಾಯಿಲೆ. “ಹೆಮ್ಮಾಟೀ” ಎಂದ. ಬಾಗಿಲು ದಡಾರನೆ ತೆರೆಯಿತು. ದೊಡ್ಡಮ್ಮ ನಿಂತಿದ್ದರು, ಅರ್ಧ ತಲೆ ಬಾಚಿ, ಬಾಚಣಿಗೆ ಇನ್ನೂ ಕೂದಲಲ್ಲೇ ಸಿಕ್ಕಿಕೊಂಡಿತ್ತು.

“ಏನಪ್ಪಾ?”

“ಏನಿಲ್ಲಮ್ಮ, ಸುಮ್ನೆ ಬೋರ್ಡು ಓದ್ದೆ. ಜೋರಾಗಿದೆ.”

ಒಳಗೆ ಹೋಗಿ ಉಳಿದರ್ಧ ಬಾಚುವಷ್ಟರಲ್ಲಿ ಪಕ್ಕದ ಮನೆಯಾಕೆ ಓದಿದಳು. ಆಮೇಲೆ ಹಾಲಿನವನು. ಶಾಲೆ ಬಿಟ್ಟ ಮಕ್ಕಳಿಗಂತೂ ಓದಿದರೆ ಬಾಗಿಲು ತೆರೆಯುತ್ತದೆಂದು ತಿಳಿಯಲು ಎರಡು ನಿಮಿಷ ಸಾಕಾಯಿತು. ಎಲ್ಲರೂ ಓದಿದವರೇ, ಬೇಕೆಂದು ಕರೆದವರಲ್ಲ. ಯಾರ ನಾಲಿಗೆಗೂ ಏನೂ ಆಗಲಿಲ್ಲ. ಎಲ್ಲಕ್ಕಿಂತ ಕಷ್ಟವಾದದ್ದು ಲಾರಿಗೆ ಮೂಟೆ ಹೊರುವ ಇಬ್ಬರಿಂದ.

“ಹೆಮ್ಮಾ... ಟೀ. ಲೋ, ಹೊಸ ಟೀ ಅಂಗಡಿ ಕಣೋ! ಅಮ್ಮಾ, ಎರಡು ಟೀ. ಒಂದಕ್ಕೆ ಸಕ್ಕರೆ ಕಮ್ಮಿ.”

ಇದು ಟೀ ಅಂಗಡಿಯಲ್ಲ ಎನ್ನಲು ದೊಡ್ಡಮ್ಮ ಬಾಯಿ ತೆರೆದರು. ಅಷ್ಟರಲ್ಲಿ ಕಾಲುಗಳು ಅಡುಗೆಮನೆ ಸೇರಿದ್ದವು.

ಸಂಜೆ ಬೋರ್ಡಕ್ಕ ಬಂದಾಗ ದೊಡ್ಡಮ್ಮ ಮೆಟ್ಟಿಲ ಮೇಲೆಯೇ ಕೂತಿದ್ದರು. ಒಳಗೆ ಹೋಗಿ ಬರುವ ಶಕ್ತಿ ಇರಲಿಲ್ಲ.

“ಹದಿನೇಳು ಟೀ ಮಾಡಿದೀನಿ” ಎಂದರು. “ನಿನ್ನ ಕೈಬರಹ ಒಂದ್ಸಲ ನೋಡು ಮಗಳೇ. ಕಣ್ಣಲ್ಲಿ ನೋಡು, ಬಾಯಿ ಮುಚ್ಕೊಂಡು.”

ಬೋರ್ಡಕ್ಕ ನೋಡಿದಳು. ಟಿಯ ಬಲಕ್ಕೆ ಒಂದು ದೀರ್ಘ, ತನ್ನದೇ ಕೈಯ ಸುಂದರವಾದ ಸುರುಳಿ. ಅವಳೂ ಮೆಟ್ಟಿಲ ಮೇಲೆ ಕೂತಳು.

“ನೀವು ಬಿಚ್ಚೋಕಾಗಲ್ವಾ ದೊಡ್ಡಮ್ಮ? ಯಾರ ಕಟ್ಟು ಬೇಕಾದ್ರೂ ಬಿಚ್ತೀರಲ್ಲ?”

“ಕಟ್ಟಾಗಿದ್ರೆ ಬಿಚ್ತಿದ್ದೆ. ಇದು ವ್ಯಾಕರಣ. ವ್ಯಾಕರಣಕ್ಕೆ ಯಾವ ಮಾಟ ತಾಗುತ್ತೆ ಹೇಳು?”

ಮರುದಿನ ಇಬ್ಬರೂ ಕಚೇರಿಗೆ ಹೋದರು. ಗುಮಾಸ್ತ ಕನ್ನಡಕ ಏರಿಸಿ, ದಪ್ಪ ಪುಸ್ತಕ ತೆರೆದು, ಬೆರಳಿಗೆ ಎಂಜಲು ಹಚ್ಚಿ ಹಚ್ಚಿ ಪುಟ ತಿರುವಿದ. ತಾನೂ ನೋಡಿ ಒಪ್ಪಿದ ಬೋರ್ಡಾದ್ದರಿಂದ ಅವನ ದನಿ ಮೆತ್ತಗಿತ್ತು.

“ಬೋರ್ಡು ಕೀಳಬಾರದು. ಕಿತ್ರೆ ಬಿರುದು ಹೋಯ್ತು. ಮುಚ್ಚಬಾರದು. ಅಕ್ಷರ ತೀಡಿ ಅಳಿಸಬಾರದು. ಮೂರಕ್ಕೂ ಒಂದೇ ಶಿಕ್ಷೆ.”

“ಬಂದೋರೆಲ್ಲ ಒಂದೇ ಸಲ ಕರೆದು ಹತ್ತು ಕೆಲಸ ಹೇಳಿದ್ರೆ?” ದೊಡ್ಡಮ್ಮ ಕೇಳಿದರು.

“ಹಾಗಿಲ್ಲಮ್ಮ. ಒಂದು ಕರೆಗೆ ಒಂದೇ ಕೋರಿಕೆ. ಮೊದಲು ಹೇಳಿದ್ದೇ ಲೆಕ್ಕ, ಆಮೇಲಿಂದು ಗಾಳಿಗೆ.” ಇಷ್ಟಾದರೂ ಸಮಾಧಾನ ಹೇಳಲು ಸಿಕ್ಕಿತಲ್ಲ ಎಂಬಂತೆ ಅವನು ಕನ್ನಡಕ ಒರೆಸಿಕೊಂಡ. “ಗುರುವಾರ ನಾನೇ ರಿಜಿಸ್ಟರ್ ತರ್ತೀನಿ. ಇದೇ ಬೋರ್ಡು ಒಪ್ಪಿಗೆ ಅಂತ ರುಜು ಹಾಕಿದ್ರೆ ಬಿರುದು ನಿಮ್ಮದು, ಕೊನೇವರೆಗೂ. ಇಲ್ಲಾಂದ್ರೆ ಬೋರ್ಡು ವಾಪಸ್ ಕೊಡಿ. ಮುಂದಿನ ಸರದಿ ಸೇತುವೆ ಪಕ್ಕದ ಮಾಟಗಾತೀದು.”

“ಅವಳಿಗೆ ವಯಸ್ಸೆಷ್ಟು?”

“ಮೂವತ್ತೆರಡು.”

ದೊಡ್ಡಮ್ಮ ಮನೆಯ ದಾರಿ ಹಿಡಿದರು. ಈಗ ಬಿಟ್ಟುಕೊಟ್ಟರೆ ಮತ್ತೆ ಸರದಿ ಬರುವ ಹೊತ್ತಿಗೆ ತಾವಿರುವುದಿಲ್ಲ ಎಂದು ಲೆಕ್ಕ ಹಾಕಲು ಮಾಟ ಬೇಕಿರಲಿಲ್ಲ.

ಬುಧವಾರ ಮಧ್ಯಾಹ್ನ ಅವರು ನಿರ್ಧಾರ ಹೇಳಿದರು. ಅಡುಗೆಮನೆಯ ಮೇಜಿನ ಮೇಲೆ ತೊಳೆದ ಲೋಟಗಳು ಬೋರಲು ಬಿದ್ದಿದ್ದವು, ಇಪ್ಪತ್ತಕ್ಕೆ ಕಡಿಮೆಯಿಲ್ಲ.

“ಬೋರ್ಡು ಕಿತ್ತುಕೊಡು. ನಾನು ಬೆಂಚಿಗೇ ವಾಪಸ್ ಹೋಗ್ತೀನಿ. ಅಲ್ಲಿ ಆರು ಗಂಟೆಗಾದ್ರೂ ಬಾಗಿಲು ಹಾಕ್ತಿದ್ದೆ.”

“ಬೇಡ ದೊಡ್ಡಮ್ಮ. ನಾನು ಬಾಗಿಲಲ್ಲಿ ನಿಂತ್ಕೊಂಡು ಓದೋರ ಬಾಯಿ ಮುಚ್ಚಿಸ್ತೀನಿ.”

“ಎಷ್ಟು ವರ್ಷ ನಿಲ್ತೀಯ? ನಿನ್ನ ಅಂಗಡಿ ಯಾರು ನೋಡ್ತಾರೆ, ಉಳಿನಾ?”

“ನಂದೇ ತಪ್ಪು. ಎರಡೇಟು ಹೊಡೆದುಬಿಡಿ. ಹೀಗೆ ನಿಧಾನವಾಗಿ ಮಾತಾಡಬೇಡಿ, ಉರಿಯುತ್ತೆ.”

“ಹೊಡೆಯೋಕೂ ಶಕ್ತಿ ಬೇಕಲ್ಲೇ. ಕಿತ್ತುಕೊಡು ಅಂದ್ರೆ ಕಿತ್ತುಕೊಡು.”

“ನಲವತ್ತು ವರ್ಷ ಕಾದಿದ್ದೀರಿ—”

“ಕಾದಿದ್ದು ನಾನಲ್ವಾ? ನಿಂಗೇನು?”

“ಸರಿ ಹಾಗಾದ್ರೆ, ನಿಮ್ಮಿಷ್ಟ!” ಬೋರ್ಡಕ್ಕ ಲೋಟವೊಂದನ್ನು ಕುಕ್ಕಿ ಮುಖ ತಿರುಗಿಸಿದಳು.

ಅದೇ ಹೊತ್ತಿಗೆ ಹೊರಗೆ ಯಾರೋ ಓದಿದರು. ದೊಡ್ಡಮ್ಮನ ಕಾಲುಗಳು ಹೊರಟವು. ಯಾರದೋ ಛತ್ರಿ ಕಡ್ಡಿ ಸರಿಮಾಡಿಕೊಟ್ಟು ಅವರು ಹಿಂದಿರುಗಿದಾಗ ಮುಖ ಬೇರೆಯಾಗಿತ್ತು.

“ಆಗ ಏನಂದೆ ನೀನು?”

“ಯಾವಾಗ?”

“ಲೋಟ ಕುಕ್ಕಿದಾಗ.”

“ಸಿಟ್ಟಲ್ಲಿ ಅಂದೆ, ಬಿಡಿ. ನಿಮ್ಮಿಷ್ಟ ಅಂದೆ.”

“ಅದನ್ನೇ ಯಾರಾದ್ರೂ ಹೊರಗಿಂದ ಅಂದ್ರೆ? ಕರೆದು, ಕೂಡಲೇ ಅದೇ ಮಾತು ಹೇಳಿದ್ರೆ, ನಾನು ಏನು ಮಾಡ್ಬೇಕಾಗುತ್ತೆ?”

“ನಿಮಗೆ ಇಷ್ಟ ಬಂದದ್ದನ್ನ...” ಎನ್ನುತ್ತಿದ್ದಂತೆ ಬೋರ್ಡಕ್ಕನಿಗೆ ಹೊಳೆಯಿತು. ಆಮೇಲೆ ಅವಳು ಬೆರಳು ಮಡಿಸಿ ಎಣಿಸಿದಳು. “ಕೀಳಬಾರದು ಅಂದ. ಮುಚ್ಚಬಾರದು ಅಂದ. ಅಳಿಸಬಾರದು ಅಂದ. ಸೇರಿಸಬಾರದು ಅಂದ್ನಾ?”

“ಅನ್ನಲಿಲ್ಲ.”

ಗುರುವಾರ ಬೆಳಕು ಹರಿಯುತ್ತಲೇ ಬೋರ್ಡಕ್ಕ ಸ್ಟೂಲು ಹಾಕಿಕೊಂಡು ಬಾಗಿಲ ಮುಂದೆ ಕೂತಳು. ಗೋಡೆಯ ಸಾಲಿನಿಂದ ತಂದದ್ದು ಕೊನೆಯ ಎರಡು ಉಳಿ ಮಾತ್ರ, ಅತಿ ಚಿಕ್ಕವು. ಕೂರುವ ಮುಂಚೆ ಒಂದು ಗುಟುಕು ನೀರು ಬಾಯಿಗೆ ಹಾಕಿಕೊಂಡು ನುಂಗದೆ ಹಾಗೇ ಇಟ್ಟುಕೊಂಡಳು. ಈ ಸಲ ಬಾಯಿ ಹೇಳುವುದು ಬೇಡ, ಕೈ ತಾನೇ ನೋಡಿಕೊಳ್ಳಲಿ. ದಾರಿಹೋಕರು “ಏನಕ್ಕಾ ರಿಪೇರಿ?” ಎಂದು ಕೇಳಿದರೆ ಉಬ್ಬಿದ ಕೆನ್ನೆ ತೋರಿಸಿದಳು. ಹಲ್ಲುನೋವಿರಬೇಕೆಂದು ಪಾಪ ಎಂದುಕೊಂಡು ಹೋದರು.

ಪದವನ್ನು ನಡುವಿಗೆ ಕೂರಿಸಿದ್ದರಿಂದ ಬಲಗಡೆ ಉಳಿದಿದ್ದು ಎರಡು ಬೆರಳಗಲ. ಹೊಸ ಅಕ್ಷರಗಳು ತುಂಬಿದ ಬಸ್ಸಿನಲ್ಲಿ ಸೀಟಿನ ತುದಿಗೆ ಕೂತವರ ಹಾಗೆ ಮೈ ಹಿಡಿದುಕೊಂಡು ಬಂದವು. ಎರಡು ಒತ್ತುಗಳೂ ಕೆಳಗಿನ ಅಂಚಿಗೆ ತಾಗಿದವು. ನೋಡಲು ಚೆನ್ನಾಗೇನೂ ಇರಲಿಲ್ಲ. ಅವಳ ಕೈಯಿಂದ ಅಷ್ಟು ಕೆಟ್ಟದಾಗಿ ಇನ್ನೊಂದು ಬೋರ್ಡು ಹೊರಟಿರಲಿಲ್ಲ.

ಹನ್ನೊಂದಕ್ಕೆ ಗುಮಾಸ್ತ ರಿಜಿಸ್ಟರನ್ನು ಕಂಕುಳಲ್ಲಿಟ್ಟುಕೊಂಡು ಬಂದ. ಬೋರ್ಡಕ್ಕ ಸ್ಟೂಲು ಸರಿಸಿ ನಿಂತಳು, ಬಾಯಲ್ಲಿ ನೀರು ಹಾಗೇ ಇತ್ತು. ಅವನು ಕನ್ನಡಕ ಏರಿಸಿ ಓದಿದ.

“ಹೆಮ್ಮಾಟೀ, ನಿಮ್ಮಿಷ್ಟ.”

ಬಾಗಿಲು ತೆರೆಯಲಿಲ್ಲ. ಗುಮಾಸ್ತ ಬೋರ್ಡಕ್ಕನನ್ನು ನೋಡಿದ, ಬೋರ್ಡಕ್ಕ ಬಾಗಿಲನ್ನು ನೋಡಿದಳು. ಒಳಗಿನಿಂದ ಸದ್ದೇ ಇಲ್ಲ.

“ಬರಲಿಲ್ಲ” ಎಂದ ಅವನು.

ಬೋರ್ಡಕ್ಕ ನೀರು ನುಂಗಿದಳು. “ಇಷ್ಟ ಬಂದಾಗ ಬರ್ತಾರೆ.”

“ಇದು ಬಿರುದೋ ಬೈಗುಳವೋ? ಯಾರಾದ್ರೂ ಓದಿದ್ರೆ ಜಗಳ ಆಡಿದ ಹಾಗಿದೆ.”

“ಪುಸ್ತಕದಲ್ಲಿ ಬೇಡ ಅಂತಿದ್ರೆ ತೋರಿಸಿ.”

ಅವನು ಮೆಟ್ಟಿಲ ಮೇಲೆ ಕೂತು ಹುಡುಕಿದ. ಇರಲಿಲ್ಲ. ಹುಡುಕಿ ಮುಗಿದ ಮೇಲೂ ಕಾಯಬೇಕಾಯಿತು. ಇನ್ನೊಮ್ಮೆ ಓದಿದರೂ ಅದೇ ಕೋರಿಕೆ, ಬೇಕೆಂದೇ ಕರೆಯೋಣವೆಂದರೆ ಅವನಿಗೆ ಊಟದ ರುಚಿಯ ಮೇಲೆ ಆಸೆಯಿತ್ತು. ಆ ನಡುವೆ ಮೂಟೆ ಹೊರುವವರು ಬಂದರು.

“ಹೆಮ್ಮಾ... ಟೀ, ನಿಮ್ಮಿಷ್ಟ. ನಿಮ್ಮಿಷ್ಟ ಅಂತ ಬೇರೆ ಬರೆಸಿದಾರೆ ನೋಡೋ! ನಮಗೆ ಇಷ್ಟ ಬಂದ ಟೀ ಕೇಳಬಹುದು. ಅಮ್ಮಾ, ಎರಡು ಸ್ಟ್ರಾಂಗು!”

ಮೇಲಿನ ಕಿಟಕಿ ತೆರೆಯಿತು. ದೊಡ್ಡಮ್ಮನ ಕೆನ್ನೆಯ ಮೇಲೆ ದಿಂಬಿನ ಗೆರೆ ಮೂಡಿತ್ತು. ಅವರು ಕೆಳಗೆ ನಿಂತ ಇಬ್ಬರನ್ನೂ ನೋಡಿದರು, ಬಾಯಿ ತೆರೆದರು, ಮುಚ್ಚಿದರು. ನಲವತ್ತು ವರ್ಷ ಬಳಸದ ಮಾತು, ಗಂಟಲಲ್ಲಿ ಎಲ್ಲಿದೆಯೆಂದು ಹುಡುಕಬೇಕಾಯಿತು.

“ಆಗಲ್ಲ” ಎಂದರು. ಸರಿಯಾಗಿ ಬರಲಿಲ್ಲವೆನ್ನಿಸಿತೋ ಏನೋ, ಇನ್ನೊಮ್ಮೆ ಹೇಳಿದರು. “ಆಗಲ್ಲಪ್ಪ. ಹೋಗಿ ಬನ್ನಿ.”

ಅರ್ಧ ಗಂಟೆಯ ಮೇಲೆ ಕೆಳಗಿಳಿದು ಬಂದು ರಿಜಿಸ್ಟರಿನಲ್ಲಿ ರುಜು ಹಾಕಿದರು. ಗುಮಾಸ್ತ ಶಾಯಿ ಒಣಗುವವರೆಗೆ ಊದಿ, ಪುಸ್ತಕ ಮುಚ್ಚಿ, ಬೋರ್ಡಿನ ಕಡೆ ತಿರುಗಿ ನೋಡದೆ ಹೋದ.

ಬೋರ್ಡಕ್ಕ ಮೆಟ್ಟಿಲ ಮೇಲೆ ಕೂತು ಉಳಿಗಳನ್ನು ಎಣ್ಣೆಬಟ್ಟೆಯಲ್ಲಿ ಒರೆಸತೊಡಗಿದಳು. ಬೆಳಗಿನಿಂದ ಹೊಟ್ಟೆಗೆ ಬಿದ್ದಿದ್ದು ಅದೊಂದು ಗುಟುಕು ನೀರು.

“ದೊಡ್ಡಮ್ಮಾ, ಒಂದು ಲೋಟ ಟೀ ಕೊಡ್ತೀರಾ?”

“ಆಗಲ್ಲ” ಎಂದು ದೊಡ್ಡಮ್ಮ ಬಾಗಿಲು ಹಾಕಿಕೊಂಡರು.

ಬೋರ್ಡಕ್ಕ ಎರಡನೆಯ ಉಳಿ ಒರೆಸಿ ಬಟ್ಟೆಯಲ್ಲಿ ಸುತ್ತಿದಳು. ಸ್ವಲ್ಪ ಹೊತ್ತಿನ ಮೇಲೆ ಒಳಗೆ ಸ್ಟವ್ ಹೊತ್ತಿದ ಸದ್ದಾಯಿತು. ಯಾರಿಗೆಂದು ಅವಳು ಕೇಳಲಿಲ್ಲ. ಎದ್ದೂ ಹೋಗಲಿಲ್ಲ.