ಕಾಲ್ಗುಣದ ಚೀಟಿ

ಬಾಯಿ ಬಿಟ್ಟರೆ ಸುಳ್ಳು ಎನ್ನುವುದರಲ್ಲಿ ಗಿಣಿಶಾಸ್ತ್ರದ ಕುಳ್ಳಯ್ಯನನ್ನು ಮೀರಿಸುವವರು ಬೆಳ್ಳೂರಿನಿಂದ ಶೀಳನೆರೆಯವರೆಗೆ ಯಾರೂ ಇರಲಿಲ್ಲ. ಬೇಕಾದ ಚೀಟಿಯ ಮಡಿಕೆಯಲ್ಲಿ ಒಂದು ಭತ್ತದ ಕಾಳು ಸಿಕ್ಕಿಸಿದರೆ ಮುಗಿಯಿತು, ಅವನ ಗಿಣಿ ಚಿನ್ನು ಅದನ್ನೇ ಎಳೆಯುತ್ತಿತ್ತು. ಉಳಿದದ್ದೆಲ್ಲ ಬಾಯಿಯ ಬಂಡವಾಳ.

ತೊಂಬತ್ತಾರರ ಯುಗಾದಿ ಹೊತ್ತಿಗೆ ಶೀಳನೆರೆಯ ದೊಡ್ಡತಾಯಮ್ಮನ ಸೀಮೆಹಸು ಸತ್ತಿತ್ತು. ಡೈರಿಗೆ ಹಾಲು ಹಾಕಿ ಮನೆ ನಡೆಸುವ ಹೆಂಗಸು ಅವಳು. ಸೊಸೆ ಪವಿತ್ರ ಮನೆಗೆ ಬಂದು ಆಗಿನ್ನೂ ತಿಂಗಳು. ಶಾಸ್ತ್ರ ಕೇಳಲು ಕೂತ ಅತ್ತೆಯ ಮುಖ ನೋಡಿಯೇ ಕುಳ್ಳಯ್ಯ ಗಿಣಿಯಿಂದ ಚೀಟಿ ಎಳೆಸಿ, ಅವಳು ಕೇಳಬೇಕೆಂದಿದ್ದ ಮಾತನ್ನು ಹೇಳಿಬಿಟ್ಟ: ಸೊಸೆಯ ಕಾಲ್ಗುಣ ಸರಿಯಿಲ್ಲ. ಮರುದಿನವೇ ಹುಡುಗಿಯನ್ನು ಕಿರಂಗೂರಿನ ತವರಿಗೆ ಅಟ್ಟಿದರು.

ವರ್ಷ ಕಳೆದು, ಕಿರಂಗೂರಿನಲ್ಲಿ ಅವನು ನೀರು ಕೇಳಿದ ಮನೆ ಅವಳದೇ ಆಗಬೇಕೆ! ಪವಿತ್ರ ಗುರುತು ಹಿಡಿದಳು. ಬೈಯಲಿಲ್ಲ. ಬೈದಿದ್ದರೆ ಅವನು ಬಚಾವಾಗುತ್ತಿದ್ದ.

"ಅಜ್ಜ, ನನ್ ಕಾಲ್ಗುಣ ಯಾವತ್ತು ಸರ್ಯಾಯ್ತದೆ? ನಮ್ಮಪ್ಪನ ಕೊಟ್ಗೆಗೂ ನಾನ್ ಕಾಲಿಡಾಕಿಲ್ಲ. ಗಬ್ಬದ ಹಸ ಅದೆ, ಏನಾರ ಆಗ್ಬುಟ್ರೆ?"

ಕುಳ್ಳಯ್ಯ ನೀರಿನ ಚೊಂಬನ್ನು ಕೆಳಗಿಟ್ಟ.

"ಅದು ಸುಳ್ಳು ಕಣವ್ವ. ನಾನೇ ಕಟ್ಟಿದ್ದು."

ಸಮಾಧಾನಕ್ಕೆ ಹೇಳುತ್ತಾನೆಂದು ಅವಳು ನಂಬಲಿಲ್ಲ. ಪಾಪಿ, ಇಂಥ ಮಗುವಿಗೆ ಏನು ಮಾಡಿಬಿಟ್ಟೆ ಎಂದು ತನ್ನನ್ನೇ ಬೈದುಕೊಳ್ಳುತ್ತ ಅವನು ಸೀದಾ ಶೀಳನೆರೆಯ ದಾರಿ ಹಿಡಿದ.

ದೊಡ್ಡತಾಯಮ್ಮನ ಜಗಲಿಯ ಮೇಲೆ ಪಂಜರ ಇಟ್ಟು, ಡೈರಿಯಿಂದ ಬರುತ್ತಿದ್ದವರನ್ನೆಲ್ಲ ಕರೆದ. ಸೊಸೆಯ ಕಾಲ್ಗುಣದ ಮಾತು ತಾನೇ ಕಟ್ಟಿದ್ದೆಂದು ಹೇಳಿ, ಎಲ್ಲರ ಕಣ್ಣೆದುರೇ ಒಂದು ಚೀಟಿಯೊಳಗೆ ಕಾಳು ಸಿಕ್ಕಿಸಿದ. ಮೂರು ಸಲವೂ ಚಿನ್ನು ಅದೇ ಚೀಟಿ ಎಳೆಯಿತು. ಜನ ಉಗಿದರು, ಒಬ್ಬ ಹೊಡೆಯುವುದಕ್ಕೇ ಬಂದ. ಇನ್ನು ಈ ಸೀಮೆಯಲ್ಲಿ ತನಗೆ ಅನ್ನ ಹುಟ್ಟುವುದಿಲ್ಲ ಎಂದು ಕುಳ್ಳಯ್ಯನಿಗೆ ಗೊತ್ತಿತ್ತು.

ದೊಡ್ಡತಾಯಮ್ಮ ಮಾತ್ರ ಕೂತಲ್ಲಿಂದಲೇ ಕೇಳಿದಳು: "ಅಂಗಾರೆ ನನ್ ಹಸ ಯಾಕ್ಲಾ ಸತ್ತದ್ದು?"

ಅವನ ನಾಲಿಗೆಯ ಮೇಲೆ ಹತ್ತು ಉತ್ತರ ಬಂದವು. ಎಲ್ಲವನ್ನೂ ನುಂಗಿದ.

"ನಂಗೊತ್ತಿಲ್ಲ ಕಣವ್ವ."

ನಲವತ್ತು ವರ್ಷದ ಕಸುಬಿನಲ್ಲಿ ಅವನು ಆ ಮಾತು ಆಡಿದ್ದು ಅದೇ ಮೊದಲು. ದೊಡ್ಡತಾಯಮ್ಮ ಎದ್ದು ಸೀರೆ ಬದಲಾಯಿಸಿಕೊಂಡು ಬಂದು, "ನಡಿ, ನೀನೂ ಬಾ" ಅಂದಳು.

ಕಿರಂಗೂರಿನಲ್ಲಿ ಅವಳು ಬೀಗರ ಮನೆಯೊಳಗೆ ಹೋಗಲಿಲ್ಲ. ಸೊಸೆಯ ಕೈ ಹಿಡಿದು ನೇರ ಕೊಟ್ಟಿಗೆಯ ಬಾಗಿಲಿಗೆ ಕರೆದುಕೊಂಡು ಹೋದಳು.

"ತಪ್ಪಾಯ್ತು ಕಣ್ ಮಗ. ನೀನ್ ಮುಂದೆ ಓಗು, ನಿನ್ ಹಿಂದೆ ನಾನ್ ಬತ್ತೀನಿ."

ಪವಿತ್ರ ಅತ್ತೆಯ ಕೈ ಬಿಡದೆ ಬಲಗಾಲು ಒಳಗಿಟ್ಟಳು. ಹೊರಗೆ ಕುಳ್ಳಯ್ಯ ನೋಡುತ್ತ ನಿಂತಿದ್ದ. ಗಬ್ಬದ ಹಸು ಒಮ್ಮೆ ಅವಳತ್ತ ನೋಡಿ, ಮೆಲುಕು ಹಾಕುತ್ತಲೇ ಇತ್ತು.